ಕೊಪೆಪಾಡ್ ಹುಳುವಲ್ಲ

ಮಾನ್ಯರೇ,

ಮಗಳ ವಿಜ್ಞಾನದ ನೋಟ್ಸಿನಲ್ಲಿ ಕೊಪೆಪಾಡ್ ಎಂದರೆ 'ಸಮುದ್ರದ ಹುಳು' ಎಂದು ಬರೆಸಿದ್ದಾರೆ. ಓದಿ ಬೇಸರವಾಯಿತು. ಇದು ಹುಳುವಲ್ಲ. ಸಿಗಡಿ, ಏಡಿಗಳ ಬಳಗದ ಪುಟ್ಟ ಜೀವಿ. ಹೆಚ್ಚಿನವು 1–2 ಮಿಲಿಮೀಟರ್ ಉದ್ದ, ಅಷ್ಟೆ. ಗ್ರೀಕ್ ಭಾಷೆಯಲ್ಲಿ 'ಕೋಪೆ' ಅಂದರೆ ದೋಣಿಯ ಹುಟ್ಟು, 'ಪೊಡ್' ಅಂದರೆ ಕಾಲು. ಕಾಲುಗಳನ್ನು ಹುಟ್ಟಿನ ಹಾಗೆ ಬೀಸಿ ಈಜುತ್ತದೆ, ಅದಕ್ಕೇ ಆ ಹೆಸರು. ದೋಣಿ ನೋಡುತ್ತಲೇ ಬೆಳೆಯುವ ಮಲ್ಪೆಯ ಮಕ್ಕಳಿಗೆ 'ಹುಟ್ಟುಗಾಲಿ' ಎಂದರೆ ತಟ್ಟನೆ ಅರ್ಥವಾಗುತ್ತದೆ, ಅಲ್ವಾ? ನಮ್ಮ ಬಂಗುಡೆ, ಬೂತಾಯಿಗೆ ಇದು ಒಳ್ಳೆಯ ಮೇವು. ಕೆರೆ, ಬಾವಿಯ ನೀರಲ್ಲೂ ಇರುತ್ತದೆ. ಹಿಂದೆ ನಾರುಹುಣ್ಣು ಹರಡುತ್ತಿದ್ದ ಸೈಕ್ಲಾಪ್ಸ್ ಇದೇ ಗುಂಪಿನದು. ನಿಮ್ಮ ವಿಜ್ಞಾನ ಪುಟದಲ್ಲಾದರೂ ಕೊಪೆಪಾಡ್ ಎಂದೇ ಬರೆದು, ಪಕ್ಕದಲ್ಲಿ ಹುಟ್ಟುಗಾಲಿ ಎಂದು ಹಾಕಿ.

– ಓದುಗರೊಬ್ಬರು, ಮಲ್ಪೆ, ಉಡುಪಿ