ಹೊಸ ಟೈರ್ ಹಾಕಿಸಿದ ಮೇಲೆ ಕಾರಿನ ನಡೆ ಬದಲಾಗುವುದೇಕೆ?

ಸಂಪಾದಕರಿಗೆ ನಮಸ್ಕಾರ.

ನಾಲ್ಕೂ ಹೊಸ ಟೈರ್ ಹಾಕಿಸಿಕೊಂಡು ಹೊರಟವರು ಎಷ್ಟೋ ಸಲ ಮೊದಲ ತಿರುವಿನಲ್ಲೇ ಗಾಬರಿಯಾಗುತ್ತಾರೆ. ಸ್ಟೇರಿಂಗ್ ತಿರುಗಿಸಿದರೆ ಕಾರು ಅರೆಕ್ಷಣ ತಡವಾಗಿ ತಿರುಗಿದಂತೆ, ವೇಗ ಹೆಚ್ಚಿದರೆ ಹಿಂಭಾಗ ತುಸು ಓಲಾಡಿದಂತೆ, ಬ್ರೇಕ್ ಒತ್ತಿದರೆ ನಿಲ್ಲುವ ಮೊದಲು ಸ್ವಲ್ಪ ಜಾರಿದಂತೆ ಅನ್ನಿಸುತ್ತದೆ. ದುಡ್ಡು ಕೊಟ್ಟು ಹಾಕಿಸಿದ್ದಕ್ಕಿಂತ ಸವೆದ ಟೈರೇ ವಾಸಿಯಿತ್ತಲ್ಲ ಎಂಬ ಅನುಮಾನ ಹುಟ್ಟುತ್ತದೆ. ಕೆಲವರು ಟೈರೇ ಸರಿಯಿಲ್ಲವೆಂದು ಅಂಗಡಿಯವರೊಡನೆ ಜಗಳಕ್ಕೆ ನಿಲ್ಲುತ್ತಾರೆ. ಕೆಲವರು ಟೈ ರಾಡ್, ಬುಷ್ ಎಂದು ಚೆನ್ನಾಗಿರುವ ಭಾಗಗಳನ್ನೇ ಬದಲಾಯಿಸುತ್ತಾರೆ. ಉಳಿದವರಿಗೆ ಸಿಗುವ ಉತ್ತರ ‘ಸ್ವಲ್ಪ ಓಡಲಿ ಸರ್, ಸರಿಹೋಗುತ್ತೆ’. ಈ ಉತ್ತರ ಅರ್ಧ ಮಾತ್ರ ನಿಜ. ಓಡಿದ ಮೇಲೆ ತಾನಾಗಿ ಹೋಗುವ ಲಕ್ಷಣಗಳಿವೆ. ಎಷ್ಟು ಓಡಿದರೂ ಹೋಗದೆ, ಕಾಯುತ್ತ ಕೂತರೆ ಹೊಸ ಟೈರನ್ನೇ ತಿಂದುಹಾಕುವ ಲಕ್ಷಣಗಳೂ ಇವೆ. ಯಾವುದು ಯಾವುದೆಂದು ಓದುಗರಿಗೆ ಗೊತ್ತಾಗಲಿ ಎಂದು ಈ ಪತ್ರ.

ಮೊದಲು ತಾನಾಗಿ ಹೋಗುವುದರ ಬಗ್ಗೆ. ಕಾರಿನ ಹೊಸ ಟೈರಿನ ಟ್ರೆಡ್, ಅಂದರೆ ನೆಲಕ್ಕೆ ತಾಗುವ ತೋಡುಗಳುಳ್ಳ ರಬ್ಬರ್ ಪದರ, ಸಾಮಾನ್ಯವಾಗಿ 7ರಿಂದ 8 ಮಿ.ಮೀ. ಆಳ ಇರುತ್ತದೆ. ಹಲವು ದೇಶಗಳಲ್ಲಿ ಕಾನೂನು ಒಪ್ಪುವ ಕನಿಷ್ಠ ಆಳ 1.6 ಮಿ.ಮೀ. ಅಂದರೆ ಬಿಚ್ಚಿ ಹಾಕಿದ ಟೈರಿನ ರಬ್ಬರ್ ದಿಮ್ಮಿಗಳು ಎರಡು ಮಿ.ಮೀ. ಎತ್ತರವಿದ್ದರೆ ಹೊಸದರಲ್ಲಿ ಅದರ ಹೆಚ್ಚುಕಡಿಮೆ ನಾಲ್ಕು ಪಟ್ಟು. ಮಕ್ಕಳ ಹೊಸ ರಬ್ಬರನ್ನು ನೆಟ್ಟಗೆ ಹಿಡಿದು ಉಜ್ಜಿದರೆ ಅದು ಬಾಗುತ್ತದೆ. ಸವೆದು ಚಪ್ಪಟೆಯಾದ ತುಂಡು ಬಾಗುವುದಿಲ್ಲ. ಟ್ರೆಡ್‌ನಲ್ಲೂ ಇದೇ ಆಗುವುದು. ಸ್ಟೇರಿಂಗ್ ತಿರುಗಿಸಿದಾಗ ಎತ್ತರದ ದಿಮ್ಮಿಗಳು ಮೊದಲು ಪಕ್ಕಕ್ಕೆ ವಾಲುತ್ತವೆ, ಆಮೇಲೆ ಕಾರನ್ನು ತಿರುಗಿಸುತ್ತವೆ. ಕೈಗೆ ತಡವಾದಂತೆ ಅನ್ನಿಸುವುದು ಇದರಿಂದಲೇ. ಸವೆದ ಟೈರು ಬಿಗಿಯಾಗಿ, ಚುರುಕಾಗಿ ತಿರುಗುತ್ತಿತ್ತು ನಿಜ, ಆದರೆ ಆ ಚುರುಕು ಒಣ ರಸ್ತೆಯದು ಮಾತ್ರ. ನೀರು ನಿಂತ ರಸ್ತೆಯಲ್ಲಿ ನೀರನ್ನು ಆಚೆ ತಳ್ಳಲು ಅದರಲ್ಲಿ ತೋಡುಗಳೇ ಉಳಿದಿರಲಿಲ್ಲ. ವರ್ಷಗಟ್ಟಲೆ ಸವೆದ ಟೈರಿಗೆ ಒಗ್ಗಿದ ಕೈ ಅದನ್ನೇ ಸರಿಯಾದ ನಡೆ ಎಂದು ನಂಬಿಬಿಟ್ಟಿರುತ್ತದೆ.

ಇದಕ್ಕೆ ಇನ್ನೆರಡು ಸಂಗತಿ ಸೇರುತ್ತವೆ. ಟೈರು ಅಚ್ಚಿನಿಂದ ಸಲೀಸಾಗಿ ಬಿಡಲೆಂದು ಕಾರ್ಖಾನೆಯಲ್ಲಿ ಬಳಸುವ ಜಾರುವ ಲೇಪ ಮೇಲ್ಮೈಯಲ್ಲಿ ಅಷ್ಟಿಷ್ಟು ಉಳಿದಿರುತ್ತದೆ. ಮೇಲ್ಪದರ ಸವೆದು ತುಸು ಒರಟಾಗುವವರೆಗೆ ಪೂರ್ತಿ ಹಿಡಿತ ಸಿಗದು. ಮೊದಲ 300 ಕಿ.ಮೀ.ವರೆಗೆ ಹದವಾಗಿ ಓಡಿಸಿದರೆ ಸಾಕು, ಮಳೆ ಬಂದರೆ ಇನ್ನೂ ಜಾಗ್ರತೆ ಬೇಕು. ಎರಡನೆಯದು, ಟೈರಿನ ಅಂಚನ್ನು ರಿಮ್ಮಿಗೆ ಕೂರಿಸುವಾಗ ಹಚ್ಚುವ ಸೋಪಿನ ದ್ರವ. ಅದು ಒಣಗಲು ಒಂದು ದಿನ ಬೇಕು. ಅಷ್ಟರೊಳಗೆ ಜೋರಾಗಿ ಬ್ರೇಕ್ ಹಾಕಿದರೆ, ಆಕ್ಸಿಲರೇಟರ್ ಪೂರ್ತಿ ತುಳಿದರೆ ಟೈರು ರಿಮ್ಮಿನ ಮೇಲೆ ಸುತ್ತ ಜಾರಬಹುದು. ಆಗ ಮಾಡಿಸಿದ ಬ್ಯಾಲೆನ್ಸಿಂಗ್ (ಚಕ್ರದ ಭಾರ ಸುತ್ತಲೂ ಸಮವಾಗುವಂತೆ ತೂಕದ ತುಣುಕು ಅಂಟಿಸುವುದು) ಕೆಟ್ಟಿತು. ಜಾರಿದೆಯೋ ಇಲ್ಲವೋ ತಿಳಿಯಲು ವಾಲ್ವಿನ ನೇರಕ್ಕೆ ಟೈರಿನ ಮೇಲೂ ರಿಮ್ಮಿನ ಮೇಲೂ ಸೀಮೆಸುಣ್ಣದಲ್ಲಿ ಒಂದೇ ಗೆರೆ ಎಳೆದಿಟ್ಟರಾಯಿತು.

ಇಲ್ಲಿಗೆ ಕಾಯಬಹುದಾದ ಪಟ್ಟಿ ಮುಗಿಯಿತು. ಮುಂದಿನ ಯಾವುದಕ್ಕೂ ಕಾಯಬಾರದು.

ಎಲ್ಲಕ್ಕಿಂತ ಹೆಚ್ಚು ಕಾಣುವ ತಪ್ಪು ಗಾಳಿಯದು. ಟೈರಿನ ಅಂಚು ರಿಮ್ಮಿನೊಳಗೆ ಸರಿಯಾಗಿ ಕೂರಬೇಕಾದರೆ ಬಳಕೆಯ ಒತ್ತಡಕ್ಕಿಂತ ಹೆಚ್ಚು, 40 ಪಿಎಸ್‌ಐ (ಗಾಳಿಯ ಒತ್ತಡದ ಅಳತೆ) ಮೀರದಂತೆ, ಗಾಳಿ ತುಂಬುತ್ತಾರೆ. ಎರಡೂ ಕಡೆ ‘ಟಪ್’ ಎಂದು ಕೂತ ಮೇಲೆ ಅದನ್ನು ಇಳಿಸಬೇಕು. ಗಿರಾಕಿಗಳು ಸಾಲುಗಟ್ಟಿದ್ದಾಗ ಈ ಇಳಿಸುವ ಕೆಲಸವೇ ಮರೆತುಹೋಗುತ್ತದೆ. 33 ಪಿಎಸ್‌ಐ ಇರಬೇಕಾದ ಕಡೆ 40 ಇದ್ದರೆ ಟ್ರೆಡ್‌ನ ನಡುಭಾಗದ ಮೇಲೆ ಭಾರ ಹೆಚ್ಚು ಬೀಳುತ್ತದೆ, ಕಾರು ಪುಟಿಯುತ್ತದೆ, ಸಣ್ಣ ಉಬ್ಬಿಗೂ ದಾರಿ ತಪ್ಪುತ್ತದೆ. ಕಡಿಮೆಯಿದ್ದರೆ ಟೈರಿನ ಪಕ್ಕೆ ಮಡಚಿಕೊಳ್ಳುತ್ತದೆ, ಸ್ಟೇರಿಂಗ್ ಭಾರವಾಗಿ ಮಂದವಾಗುತ್ತದೆ. ಸರಿಯಾದ ಅಂಕಿ ಚಾಲಕನ ಬಾಗಿಲಿನ ಚೌಕಟ್ಟಿನ ಸ್ಟಿಕ್ಕರಿನಲ್ಲೋ ಪೆಟ್ರೋಲ್ ಮುಚ್ಚಳದ ಒಳಮೈಯಲ್ಲೋ ಇರುತ್ತದೆ. ಟೈರಿನ ಪಕ್ಕೆಯ ಮೇಲೆ ಅಚ್ಚಾಗಿರುವ 44 ಅಥವಾ 51 ಆ ಟೈರು ತಾಳುವ ಗರಿಷ್ಠ. ಅದನ್ನು ನೋಡಿ ಗಾಳಿ ತುಂಬಿಸಿಕೊಳ್ಳುವವರನ್ನು ದಯವಿಟ್ಟು ತಡೆಯಿರಿ. ಅಳೆಯಬೇಕಾದದ್ದು ಕಾರು ಮೂರು ಗಂಟೆಯಾದರೂ ನಿಂತು ಟೈರು ತಣ್ಣಗಿದ್ದಾಗ. ಓಡಿ ಬಿಸಿಯಾದ ಟೈರಿನಲ್ಲಿ ಮೂರರಿಂದ ಐದು ಪಿಎಸ್‌ಐ ಹೆಚ್ಚು ತೋರಿಸುವುದು ಸಹಜ, ಅದನ್ನು ನೋಡಿ ಗಾಳಿ ಬಿಟ್ಟರೆ ಮರುದಿನ ಬೆಳಿಗ್ಗೆ ಕಡಿಮೆಯಾಗಿರುತ್ತದೆ.

ಎರಡನೆಯದು ಅಳತೆ. ‘ಸ್ವಲ್ಪ ಅಗಲದ್ದು ಹಾಕಿ, ಗ್ರಿಪ್ ಚೆನ್ನಾಗಿರುತ್ತೆ’ ಎಂಬ ಸಲಹೆ ಸುಲಭವಾಗಿ ಸಿಗುತ್ತದೆ. 185/65 ಆರ್15 ಎಂದರೆ ಅಗಲ 185 ಮಿ.ಮೀ., ಪಕ್ಕೆಯ ಎತ್ತರ ಅದರ ಶೇ 65, ರಿಮ್ 15 ಇಂಚು; ಒಟ್ಟು ವ್ಯಾಸ ಸುಮಾರು 621 ಮಿ.ಮೀ. ಅದರ ಬದಲು 195/65 ಆರ್15 ಹಾಕಿದರೆ ವ್ಯಾಸ 634 ದಾಟುತ್ತದೆ. ಎರಡು ಶೇಕಡಾ ವ್ಯತ್ಯಾಸ. ಸ್ಪೀಡೋಮೀಟರ್ ತೋರಿಸುವುದಕ್ಕಿಂತ ಗಾಡಿ ಅಷ್ಟು ವೇಗವಾಗಿ ಓಡುತ್ತದೆ, ಗೇರುಗಳು ತುಸು ಭಾರವಾಗುತ್ತವೆ, ಪೂರ್ತಿ ತಿರುಗಿಸಿದಾಗ ಒಳಗೆಲ್ಲಾದರೂ ಉಜ್ಜಲೂಬಹುದು. ಅದೇ ಅಳತೆಯ ಟೈರೇ ಆದರೂ ಕಂಪನಿ, ಮಾದರಿ ಬದಲಾದರೆ ಪಕ್ಕೆಯ ಗಡಸುತನ ಬೇರೆ, ರಬ್ಬರಿನ ಮಿಶ್ರಣ ಬೇರೆ. ಮೆತ್ತಗಿನ ಓಟಕ್ಕೆಂದು ಮಾಡಿದ ಟೈರು ತಿರುವಿನಲ್ಲಿ ಬಿಗಿಯಾಗಿರಲಾರದು. ಇದು ದೋಷವಲ್ಲ, ಆಯ್ಕೆ. ಅಳತೆಯ ಪಕ್ಕದ 88ಎಚ್ ಎಂಬಂಥ ಗುರುತನ್ನೂ ನೋಡಬೇಕು: 88 ಎಂದರೆ ಒಂದು ಟೈರು ಹೊರಬಲ್ಲ ತೂಕ 560 ಕೆ.ಜಿ., ಎಚ್ ಎಂದರೆ ಗರಿಷ್ಠ ವೇಗ ಗಂಟೆಗೆ 210 ಕಿ.ಮೀ. ಮೊದಲಿದ್ದುದಕ್ಕಿಂತ ಕಡಿಮೆಯದನ್ನು ಒಪ್ಪಬಾರದು.

ನಡುಗುವುದು, ಎಳೆಯುವುದು ಇವೆರಡನ್ನು ಜನ ಬೆರೆಸಿಬಿಡುತ್ತಾರೆ. ಗಂಟೆಗೆ 80ರಿಂದ 110 ಕಿ.ಮೀ. ನಡುವೆ ನಡುಕ ಹುಟ್ಟಿ, ಮುಂದೆ ಹೋದರೆ ಕಡಿಮೆಯಾದರೆ ಅದು ಸಾಮಾನ್ಯವಾಗಿ ಬ್ಯಾಲೆನ್ಸಿಂಗ್. ಸ್ಟೇರಿಂಗ್ ನಡುಗಿದರೆ ಮುಂದಿನ ಚಕ್ರ, ಸೀಟು ನಡುಗಿದರೆ ಹಿಂದಿನ ಚಕ್ರ ಎಂದು ಮೊದಲು ಅನುಮಾನಿಸಬಹುದು. ಹಳೆಯ ತೂಕದ ತುಣುಕುಗಳನ್ನು ಕಿತ್ತುಹಾಕದೆ ಅದರ ಮೇಲೇ ಹೊಸದು ಅಂಟಿಸುವುದು, ರಿಮ್ಮಿನ ಒಳಗೆ ಒಣಗಿದ ಕೆಸರನ್ನು ಬಿಡುವುದು ಇದಕ್ಕೆ ಕಾರಣ. ಆದರೆ 30-40ರ ವೇಗದಲ್ಲೇ ಗಾಡಿ ಕುಣಿದರೆ ಟೈರು ದುಂಡಗೆ ಕೂತಿಲ್ಲ. ಟೈರಿನ ಪಕ್ಕೆಯಲ್ಲಿ, ರಿಮ್ಮಿನ ಅಂಚಿಗೆ ಹೊಂದಿಕೊಂಡು, ಒಂದು ಸಣ್ಣ ಗೆರೆ ಸುತ್ತಲೂ ಓಡುತ್ತದೆ. ಗೆರೆಗೂ ರಿಮ್ಮಿಗೂ ನಡುವಿನ ಅಂತರ ಎಲ್ಲ ಕಡೆ ಒಂದೇ ಇರಬೇಕು. ಒಂದು ಕಡೆ ಗೆರೆ ರಿಮ್ಮಿನೊಳಗೆ ಮುಳುಗಿದ್ದರೆ ಬಿಚ್ಚಿಸಿ ಮತ್ತೆ ಕೂರಿಸಬೇಕು, ತೂಕ ಅಂಟಿಸಿ ಪ್ರಯೋಜನವಿಲ್ಲ.

ಇನ್ನು ಒಂದು ಕಡೆ ಎಳೆಯುವುದು. ಮೊದಲು ಗಾಳಿ ಸಮ ಮಾಡಿ ಸಮತಟ್ಟಾದ ರಸ್ತೆಯಲ್ಲಿ ನೋಡಬೇಕು, ಏಕೆಂದರೆ ರಸ್ತೆಯ ವಾಟ ಕೂಡ ಎಳೆಯುತ್ತದೆ. ಆಮೇಲೂ ಎಳೆದರೆ ಮುಂದಿನ ಎರಡು ಚಕ್ರಗಳನ್ನು ಎಡದ್ದು ಬಲಕ್ಕೆ, ಬಲದ್ದು ಎಡಕ್ಕೆ ಹಾಕಿ ನೋಡಿ. ಎಳೆತ ದಿಕ್ಕು ಬದಲಿಸಿದರೆ ದೋಷ ಟೈರಿನದು: ಒಳಗಿನ ಪದರಗಳು ತುಸು ಪಕ್ಕಕ್ಕೆ ಸರಿದು ಶಂಕುವಿನಂತೆ ಉರುಳುವ ಟೈರು ಅದು, ವಾಪಸು ಕೊಡಬಹುದು. ದಿಕ್ಕು ಬದಲಾಗದಿದ್ದರೆ ಅಲೈನ್‌ಮೆಂಟ್ (ಚಕ್ರಗಳು ನಿಂತಿರುವ ಕೋನಗಳ ಹೊಂದಾಣಿಕೆ) ಅಥವಾ ಹಿಡಿದುಕೊಂಡ ಬ್ರೇಕ್. ಪಕ್ಕೆಯ ಮೇಲೆ ತಿರುಗುವ ದಿಕ್ಕಿನ ಬಾಣವಿರುವ ಟೈರುಗಳನ್ನು ಹೀಗೆ ಅದಲುಬದಲು ಮಾಡಬಾರದು, ಅವುಗಳಲ್ಲಿ ಅದೇ ಬದಿಯ ಮುಂದಿನದನ್ನು ಹಿಂದಕ್ಕೆ ಹಾಕಿ ಪರೀಕ್ಷಿಸಬೇಕು. ‘ಔಟ್‌ಸೈಡ್’ ಎಂದು ಅಚ್ಚಾಗಿದ್ದರೆ ಆ ಮುಖ ಹೊರಗೇ ಇದೆಯೇ ಎಂದೂ ನೋಡಿಕೊಳ್ಳಿ.

ಅಲೈನ್‌ಮೆಂಟ್ ವಿಷಯದಲ್ಲಿ ನನ್ನದೊಂದು ಗಟ್ಟಿಯಾದ ಮಾತಿದೆ: ಹಳೇ ಟೈರುಗಳನ್ನು ಓದದೆ ಬಿಸಾಡಬೇಡಿ. ಎರಡೂ ಭುಜ ಸವೆದಿದ್ದರೆ ಗಾಳಿ ಕಡಿಮೆಯಿತ್ತು, ನಡು ಸವೆದಿದ್ದರೆ ಹೆಚ್ಚಿತ್ತು. ಒಳ ಅಂಚು ಮಾತ್ರ ಬೋಳಾಗಿದ್ದರೆ ಚಕ್ರ ವಾಲಿತ್ತು ಅಥವಾ ಹೊರಮುಖವಾಗಿತ್ತು. ಅಲ್ಲಲ್ಲಿ ಬಟ್ಟಲಿನಂತೆ ಗುಳಿ ಬಿದ್ದಿದ್ದರೆ ಶಾಕ್ ಅಬ್ಸಾರ್ಬರ್ ನೋಡಿಸಬೇಕು. ಅಂಗೈಯನ್ನು ಟ್ರೆಡ್ ಮೇಲೆ ಅಡ್ಡಲಾಗಿ ಸವರಿ. ಒಂದು ದಿಕ್ಕಿಗೆ ನುಣುಪು, ಇನ್ನೊಂದು ದಿಕ್ಕಿಗೆ ಗರಗಸದಂತೆ ತರಚಿದರೆ ಟೋ, ಅಂದರೆ ಮೇಲಿನಿಂದ ನೋಡಿದಾಗ ಚಕ್ರ ಒಳಕ್ಕೋ ಹೊರಕ್ಕೋ ತಿರುಗಿರುವ ಕೋನ, ತಪ್ಪಿದೆ. ಟೈರು ತಪ್ಪಿನ ಆಕಾರಕ್ಕೇ ಸವೆದು ಅದನ್ನು ಮುಚ್ಚಿಟ್ಟಿರುತ್ತದೆ, ಹೊಸ ಟೈರು ಬಂದೊಡನೆ ಅದು ಸ್ಟೇರಿಂಗಿನಲ್ಲಿ ಎದ್ದು ಕಾಣುತ್ತದೆ.

ಎರಡೇ ಟೈರು ಹಾಕಿಸುವವರು ಹೊಸದನ್ನು ಹಿಂದಕ್ಕೆ ಹಾಕಿಸಬೇಕು, ಮುಂಚಕ್ರಕ್ಕೆ ಎಂಜಿನ್ ಬಲ ಹೋಗುವ ಕಾರಾದರೂ ಸರಿ. ಒದ್ದೆ ರಸ್ತೆಯಲ್ಲಿ ಮುಂದಿನ ಚಕ್ರ ಜಾರಿದರೆ ಕಾರು ನೇರಕ್ಕೆ ಹೋಗುತ್ತದೆ, ವೇಗ ಇಳಿಸಿದರೆ ಹಿಡಿತ ಮರಳುತ್ತದೆ. ಹಿಂದಿನದು ಜಾರಿದರೆ ಕಾರು ಗಿರ್ರನೆ ತಿರುಗುತ್ತದೆ, ಅದನ್ನು ಹಿಡಿಯುವುದು ಎಲ್ಲರ ಕೈಲಾಗುವ ಕೆಲಸವಲ್ಲ. ನಾಲ್ಕೂ ಚಕ್ರಕ್ಕೆ ಬಲ ಹೋಗುವ ಕಾರುಗಳಲ್ಲಿ ಟೈರುಗಳ ವ್ಯಾಸ ಬೇರೆಬೇರೆಯಾದರೆ ಗೇರಿನ ಭಾಗಗಳಿಗೇ ಏಟು, ಕೈಪಿಡಿ ನೋಡದೆ ಎರಡೇ ಹಾಕಿಸಬೇಡಿ.

ಚಕ್ರದ ನಟ್‌ಗಳನ್ನು ಗಾಳಿ ಗನ್‌ನಿಂದ ಕೊನೆಯವರೆಗೂ ಬಿಗಿದರೆ ಬ್ರೇಕ್ ಡಿಸ್ಕ್ ಸೊಟ್ಟಗಾಗಬಹುದು. ಎಷ್ಟು ಬಿಗಿಯಾಯಿತೆಂದು ತೋರಿಸುವ ಟಾರ್ಕ್ ಸ್ಪ್ಯಾನರಿನಲ್ಲಿ, ಎದುರುಬದುರಾಗಿ, ಕೈಪಿಡಿಯ ಅಂಕಿಗೆ ಬಿಗಿಯಬೇಕು. ಸಣ್ಣ ಕಾರುಗಳಲ್ಲಿ ಅದು ಹೆಚ್ಚಾಗಿ 100 ನ್ಯೂಟನ್ ಮೀಟರ್ ಆಸುಪಾಸು. 50ರಿಂದ 100 ಕಿ.ಮೀ. ಓಡಿದ ಮೇಲೆ ಇನ್ನೊಮ್ಮೆ ಬಿಗಿತ ನೋಡಬೇಕು. ಚಕ್ರದ ವೇಗ ನೋಡಿ ಗಾಳಿ ಅಂದಾಜಿಸುವ ಎಚ್ಚರಿಕೆ ದೀಪವಿರುವ ಕಾರುಗಳಲ್ಲಿ ಅದನ್ನು ರೀಸೆಟ್ ಮಾಡಬೇಕು.

ಟೈರು ಮಾರುವವರಲ್ಲಿ ಒಂದು ವಿನಂತಿ. ಬಿಲ್ಲಿನ ಹಿಂದೆ ನಾಲ್ಕು ಸಾಲು ಬರೆದುಕೊಡಿ: ಪ್ರತಿ ಚಕ್ರಕ್ಕೆ ತುಂಬಿದ ಗಾಳಿ, ನಟ್ ಬಿಗಿದ ಅಂಕಿ, ಅಲೈನ್‌ಮೆಂಟಿನ ಮೊದಲಿನ ಮತ್ತು ಈಗಿನ ಅಳತೆ, ಟೈರು ತಯಾರಾದ ವಾರ. ಕೊನೆಯದು ಪಕ್ಕೆಯ ಮೇಲೆ ನಾಲ್ಕಂಕಿಯಲ್ಲಿರುತ್ತದೆ. 2324 ಎಂದರೆ 2024ರ 23ನೇ ವಾರ. ಈ ಚೀಟಿ ಕೈಯಲ್ಲಿದ್ದರೆ ವಾರದ ನಂತರ ನಡುಕವೋ ಎಳೆತವೋ ಹೇಳಿಕೊಂಡು ಬಂದ ಗಿರಾಕಿಗೆ ಎಲ್ಲಿಂದ ಹುಡುಕಬೇಕೆಂದು ಇಬ್ಬರಿಗೂ ಗೊತ್ತಿರುತ್ತದೆ.

ಇಂತಿ,
ಓದುಗ