ನಾಲ್ಕನೆಯ ಪುಟದ ಒಂದು ಸಾಲು

ಪ್ರೀತಿಯ ಮಗಳೇ,

ಭಾನುವಾರ ಫೋನಿನಲ್ಲಿ ಆಡಿದ್ದನ್ನೆಲ್ಲ ಮತ್ತೆ ಬರೆಯುವುದಿಲ್ಲ. ನಿನಗೂ ನೆನಪಿದೆ, ನನಗೂ ನೆನಪಿದೆ. ನಿನ್ನ ಔಷಧ ಪ್ರಯೋಗದ ಮಾತಿನ ನಡುವೆ, ರೋಗಿಗಳಿಂದ ನಿಜ ಮುಚ್ಚಿಟ್ಟ ಅಮೆರಿಕದ ಟಸ್ಕೀಗಿ ಪ್ರಯೋಗದ ಹೆಸರೆತ್ತಿ ನಿನ್ನನ್ನು ಅಲ್ಲಿನ ವೈದ್ಯರ ಸಾಲಿನಲ್ಲಿ ನಿಲ್ಲಿಸಿದ್ದು ನನ್ನ ತಪ್ಪು. ಕ್ಷಮಿಸು. ಆದರೆ ನೀನು ಹೇಳಿದ ಒಂದು ಮಾತು ಮೂರು ರಾತ್ರಿಯಿಂದ ನನ್ನನ್ನು ಬಿಟ್ಟಿಲ್ಲ: "ಅಮ್ಮಾ, ಸಮ್ಮತಿ ಪತ್ರವನ್ನು ಯಾರೂ ಓದುವುದಿಲ್ಲ. ಅದನ್ನು ಸರಳವಾಗಿ ಬರೆಯಿರಿ ಎಂದು ನೈತಿಕ ಸಮಿತಿ ಹಿಂದಕ್ಕೆ ಕಳುಹಿಸಿದ್ದರಿಂದ ನಮ್ಮ ಮೂರು ತಿಂಗಳು ಹಾಳಾಯಿತು."

ಪ್ರಯೋಗಕ್ಕೆ ಸೇರುವವರಿಂದ ಒಪ್ಪಿಗೆಯ ಸಹಿ ಹಾಕಿಸಿಕೊಳ್ಳುವ ಆ ಪತ್ರವನ್ನು ಯಾರೂ ಓದುವುದಿಲ್ಲ ಎಂಬುದು ನಿಜ. ಏಕೆ ಓದುವುದಿಲ್ಲ ಎಂಬುದೂ ನನಗೆ ಗೊತ್ತು. ಓದಲು ಬಿಡದವರಲ್ಲಿ ನಾನೂ ಒಬ್ಬಳು.

ನೀನು ಹುಟ್ಟುವ ಮೊದಲು ಎರಡು ವರ್ಷ ನಾನು ಒಂದು ಔಷಧ ಪ್ರಯೋಗದಲ್ಲಿ ನರ್ಸ್ ಆಗಿದ್ದೆ ಎಂದು ನಿನಗೆ ಹೇಳಿದ್ದೇನೆ. ಅಲ್ಲಿ ನನ್ನ ಕೆಲಸ ಏನಿತ್ತು ಎಂದು ಹೇಳಿರಲಿಲ್ಲ. ರಕ್ತ ತೆಗೆಯುವುದು, ರಕ್ತದೊತ್ತಡ ನೋಡುವುದು, ಮತ್ತು ಒಂಬತ್ತು ಪುಟಗಳ ಪತ್ರಕ್ಕೆ ಸಹಿ ಹಾಕಿಸುವುದು. ಒಂದು ಬೆಳಿಗ್ಗೆ ಸುಮಾರು ಐವತ್ತು ವರ್ಷದ ಹೆಂಗಸೊಬ್ಬರು ಪೆನ್ನು ಹಿಡಿದುಕೊಂಡು ಬಹಳ ಹೊತ್ತು ಸುಮ್ಮನೆ ಕುಳಿತರು. ಹೊರಗೆ ಹದಿನೈದು ಜನ ಕಾಯುತ್ತಿದ್ದರು. ಕೊನೆಗೆ ಆಕೆ ತಗ್ಗಿದ ದನಿಯಲ್ಲಿ ಕೇಳಿದರು: "ಸಹಿ ಹಾಕದಿದ್ದರೆ ಡಾಕ್ಟರು ನನ್ನನ್ನು ನೋಡುವುದಿಲ್ಲವೇ?"

ಉತ್ತರ ನಾಲ್ಕನೆಯ ಪುಟದಲ್ಲಿತ್ತು. ಸಹಿ ಹಾಕದಿದ್ದರೂ ಎಂದಿನ ಚಿಕಿತ್ಸೆ ಸಿಗುತ್ತದೆ, ಯಾವಾಗ ಬೇಕಾದರೂ ಹೊರಬರಬಹುದು ಎಂದು ಅಲ್ಲಿ ಅಚ್ಚಾಗಿತ್ತು. ಅದನ್ನು ಓದಿ ಹೇಳಲು ನನಗೆ ಅರ್ಧ ನಿಮಿಷ ಸಾಕಿತ್ತು. ನಾನು ಆಕೆಯ ಭುಜ ಮುಟ್ಟಿ, "ಎಲ್ಲರೂ ಹಾಕುತ್ತಿದ್ದಾರೆ, ಹೆದರಬೇಡಿ" ಎಂದೆ. ಆಕೆ ಹಾಕಿದರು.

ಆಕೆಗೆ ಏನೂ ಆಗಲಿಲ್ಲ. ಪ್ರಯೋಗ ಮುಗಿಯುವವರೆಗೂ ಬಂದರು, ಚೆನ್ನಾಗಿಯೇ ಇದ್ದರು. ಇಷ್ಟು ವರ್ಷ ನಾನು ಈ ಮಾತು ಎತ್ತದಿರಲು ಅದೇ ಕಾರಣ. ಕೆಟ್ಟದ್ದೇನೂ ನಡೆಯಲಿಲ್ಲವಲ್ಲ ಎಂದು ಸಮಾಧಾನ ಮಾಡಿಕೊಂಡೆ. ಆದರೆ ಆ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ. ಆಕೆ ಕೇಳಿದ್ದು ಔಷಧದ ಬಗ್ಗೆ ಅಲ್ಲ. ಇಲ್ಲ ಎನ್ನುವ ಹಕ್ಕು ತನಗಿದೆಯೇ ಎಂದು ಕೇಳಿದರು. ನಾನು ಸುಳ್ಳು ಹೇಳಲಿಲ್ಲ, ನಿಜವನ್ನೂ ಹೇಳಲಿಲ್ಲ. ಭುಜ ಮುಟ್ಟಿದೆ. ಆ ಕೈ ಅಲ್ಲಿ ಇರದಿದ್ದರೆ ಆಕೆ ಇನ್ನೊಮ್ಮೆ ಕೇಳುತ್ತಿದ್ದರೇನೋ.

ಟಸ್ಕೀಗಿಯ ಬಗ್ಗೆ ನಾನು ಅಷ್ಟು ಓದಿದ್ದು ಆ ಬೆಳಗಿನ ದೆಸೆಯಿಂದಲೇ. 1932ರಲ್ಲಿ ಅಮೆರಿಕದ ಸರ್ಕಾರಿ ಆರೋಗ್ಯ ಇಲಾಖೆ ಅಲಬಾಮದ ಟಸ್ಕೀಗಿಯಲ್ಲಿ 600 ಬಡ ಕಪ್ಪು ಗಂಡಸರನ್ನು ಆರಿಸಿಕೊಂಡಿತು. ಅವರಲ್ಲಿ 399 ಜನರಿಗೆ ಸಿಫಿಲಿಸ್ ಎಂಬ ಲೈಂಗಿಕ ರೋಗವಿತ್ತು. ಅವರಿಗೆ ಹೇಳಿದ್ದು "ರಕ್ತ ಕೆಟ್ಟಿದೆ" ಎಂದಷ್ಟೇ. 1947ರ ಹೊತ್ತಿಗೆ ಪೆನಿಸಿಲಿನ್ ಈ ರೋಗದ ಸಾಮಾನ್ಯ ಚಿಕಿತ್ಸೆಯಾಗಿತ್ತು. ಆದರೂ ರೋಗ ದೇಹವನ್ನು ಹೇಗೆ ತಿನ್ನುತ್ತದೆ ಎಂದು ನೋಡುವ ಸಲುವಾಗಿ ಅದನ್ನು ಅವರಿಗೆ ಕೊಡಲಿಲ್ಲ. ಅದೇ 1947ರಲ್ಲಿ ಜರ್ಮನಿಯ ನ್ಯೂರೆಂಬರ್ಗ್‌ನಲ್ಲಿ ನಾಜಿ ವೈದ್ಯರ ವಿಚಾರಣೆ ಮುಗಿದು, ಮನುಷ್ಯನ ಸ್ವಇಚ್ಛೆಯ ಒಪ್ಪಿಗೆ ಇಲ್ಲದೆ ಅವನ ಮೇಲೆ ಪ್ರಯೋಗ ಕೂಡದು ಎಂಬುದು ನ್ಯೂರೆಂಬರ್ಗ್ ಸಂಹಿತೆ ಎಂಬ ನಿಯಮಾವಳಿಯ ಮೊದಲ ಅಂಶವಾಯಿತು. ತೀರ್ಪು ಕೊಟ್ಟದ್ದು ಅಮೆರಿಕದ ನ್ಯಾಯಾಧೀಶರೇ. ಟಸ್ಕೀಗಿ ಮಾತ್ರ ಪತ್ರಿಕೆಯಲ್ಲಿ ಸುದ್ದಿಯಾಗುವವರೆಗೆ, 1972ರವರೆಗೆ, ನಡೆಯಿತು.

ನನ್ನನ್ನು ನಡುಗಿಸುವುದು ಆ ವೈದ್ಯರಲ್ಲ. ಯೂನಿಸ್ ರಿವರ್ಸ್ ಎಂಬ ನರ್ಸ್. ಆಕೆಯೂ ಕಪ್ಪು ಮಹಿಳೆ. ವೈದ್ಯರು ಬದಲಾಗುತ್ತಿದ್ದರು, ಆಕೆ ಉದ್ದಕ್ಕೂ ಇದ್ದರು. ಆ ಗಂಡಸರನ್ನು ಕಾರಿನಲ್ಲಿ ಕರೆತರುತ್ತಿದ್ದರು, ಮನೆಗಳಿಗೆ ಹೋಗಿ ಕಷ್ಟಸುಖ ವಿಚಾರಿಸುತ್ತಿದ್ದರು, ಸತ್ತಾಗ ಶವಪರೀಕ್ಷೆಗೆ ಮನೆಯವರನ್ನು ಒಪ್ಪಿಸುತ್ತಿದ್ದರು. ಜನ ನಂಬಿದ್ದು ಆಕೆಯನ್ನು. ಆಕೆಯನ್ನು ಕಟುಕಿ ಎನ್ನಲು ನನಗೆ ನಾಲಿಗೆ ಬರುವುದಿಲ್ಲ. ಭುಜ ಮುಟ್ಟಿ ಸಮಾಧಾನ ಹೇಳುವ ಕೈ ಹೇಗಿರುತ್ತದೆ ಎಂದು ನನಗೆ ಗೊತ್ತು.

ನೀನು ಸಿಡುಬಿನ ಲಸಿಕೆಗೆ ದಾರಿ ತೋರಿದ ವೈದ್ಯ ಜೆನ್ನರ್‌ನ ಮಾತು ಎತ್ತಿದೆ. ಆಗ ನನಗೆ ಉತ್ತರ ಹೊಳೆಯಲಿಲ್ಲ, ಅದಕ್ಕೇ ದನಿ ಏರಿಸಿದೆ. 1796ರಲ್ಲಿ ಆತ ತನ್ನ ತೋಟಗಾರನ ಎಂಟು ವರ್ಷದ ಮಗನಿಗೆ ಹಸುವಿನ ಸಿಡುಬಿನ ಕೀವು ಹಾಕಿ, ಕೆಲವು ವಾರಗಳ ನಂತರ ರೋಗ ಬರುತ್ತದೆಯೇ ಎಂದು ನಿಜವಾದ ಸಿಡುಬಿನ ಕೀವನ್ನೇ ಹಾಕಿ ನೋಡಿದ. ಇಂದಿನ ಯಾವ ಸಮಿತಿಯೂ ಅದಕ್ಕೆ ಒಪ್ಪುವುದಿಲ್ಲ. ಆ ದಾರಿಯಲ್ಲೇ ನಡೆದು ಸಿಡುಬು ಭೂಮಿಯಿಂದಲೇ ಹೋಯಿತು ಎಂದು 1980ರಲ್ಲಿ ಸಾರಲಾಯಿತು. ನೀನು ಹೇಳಿದ್ದು ಸರಿ, ಆ ಉಪಕಾರದ ಪಾಲು ನಮ್ಮಿಬ್ಬರಿಗೂ ಬಂದಿದೆ. ಸಿಡುಬಿನ ಕೀವು ಹಾಕುವುದು ಆ ಕಾಲದಲ್ಲಿ ರೂಢಿಯಲ್ಲಿದ್ದ ಪದ್ಧತಿಯೇ ಎಂದೂ ಬಲ್ಲೆ. ಆದರೂ ಯಜಮಾನ ಬಂದು ಮಗುವಿನ ತೋಳು ಕೇಳಿದಾಗ ತೋಟಗಾರನ ಬಾಯಲ್ಲಿ "ಆಗುವುದಿಲ್ಲ" ಎಂಬ ಮಾತು ಎಷ್ಟು ಸುಲಭವಾಗಿ ಬಂದೀತು? ಫಲ ಒಳ್ಳೆಯದಾಯಿತು ಎಂದು ಆ ಪ್ರಶ್ನೆ ಅಳಿಸಿಹೋಗುವುದಿಲ್ಲ. ನನ್ನ ಪ್ರಯೋಗದ ಫಲವೂ ಒಳ್ಳೆಯದೇ ಆಗಿತ್ತು, ಮಗಳೇ.

ತಡವಾಗುವುದಕ್ಕೆ ಇಷ್ಟು ಹೆದರಬೇಡ. ಫ್ರಾನ್ಸಿಸ್ ಕೆಲ್ಸಿ ಎಂಬ ವೈದ್ಯೆ 1960ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಇಲಾಖೆಗೆ ಸೇರಿದ ಹೊಸದರಲ್ಲೇ ಥಾಲಿಡೊಮೈಡ್ ಎಂಬ ನಿದ್ರೆ ಮಾತ್ರೆಯ ಮಾರಾಟಕ್ಕೆ ಒಪ್ಪಿಗೆ ಕೇಳುವ ಅರ್ಜಿ ಮೇಜಿಗೆ ಬಂತು. ಪುರಾವೆ ಸಾಲದು ಎಂದು ಮತ್ತೆ ಮತ್ತೆ ಹಿಂದಕ್ಕೆ ಕಳುಹಿಸಿದರು. ಕಂಪನಿಯವರಿಗೆ ಆಕೆ ಕೆಲಸ ಕೆಡಿಸುವ ಅಧಿಕಾರಿಯಾಗಿ ಕಂಡರು. ಅಷ್ಟರಲ್ಲಿ ಬೇರೆ ದೇಶಗಳಲ್ಲಿ ಆ ಮಾತ್ರೆ ನುಂಗಿದ ಬಸುರಿಯರ ಸಾವಿರಾರು ಕೂಸುಗಳು ಕೈಕಾಲು ಬೆಳೆಯದೆ ಹುಟ್ಟಿದವು.

ನೋಡು, ಮತ್ತೆ ಪಾಠ ಹೇಳಲು ಕುಳಿತೆ. ನಿನ್ನ ತಂಡದ ಪಟ್ಟಿಯಲ್ಲಿ ನಿನ್ನ ಹೆಸರು ನೋಡಿದ ದಿನ ನನಗೆ ಕಣ್ಣು ತುಂಬಿ ಬಂದಿತ್ತು. ನೀನು ಹುಡುಕುತ್ತಿರುವ ಔಷಧ ಸಿಗಲಿ ಎಂದು ನನ್ನಷ್ಟು ಹಂಬಲಿಸುವವರು ಯಾರೂ ಇಲ್ಲ. ನಿನ್ನ ಬುದ್ಧಿಯ ಬಗ್ಗೆಯಾಗಲಿ ಮನಸ್ಸಿನ ಬಗ್ಗೆಯಾಗಲಿ ನನಗೆ ಸಂಶಯವಿಲ್ಲ. ನೀನು ದಣಿದಿರುವ ದಿನ, ಹೊರಗೆ ಹದಿನೈದು ಜನ ಕಾಯುತ್ತಿರುವಾಗ, ಒಬ್ಬರು ಪೆನ್ನು ಹಿಡಿದು ಸುಮ್ಮನೆ ಕುಳಿತರೆ ಏನು ಮಾಡುತ್ತೀಯ ಎಂಬುದಷ್ಟೇ ನನ್ನ ಭಯ. ಆ ಹೊತ್ತಿನಲ್ಲಿ ನಾನೂ ಒಳ್ಳೆಯವಳೇ ಆಗಿದ್ದೆ.

ನಿನ್ನ ಸಮ್ಮತಿ ಪತ್ರ ಹದಿನಾಲ್ಕು ಪುಟ ಎಂದೆಯಲ್ಲ, ಅದನ್ನು ನನಗೆ ಕಳುಹಿಸು. ನರ್ಸ್ ಆಗಿ ಓದುವುದಿಲ್ಲ. ಪೆನ್ನು ಹಿಡಿದು ಕುಳಿತ ಆಕೆಯ ಜಾಗದಲ್ಲಿ ಕುಳಿತು ಓದುತ್ತೇನೆ, ನಿಂತಲ್ಲೆಲ್ಲ ಪೆನ್ಸಿಲಿನಲ್ಲಿ ಗೆರೆ ಎಳೆಯುತ್ತೇನೆ. ಒಂದು ಸಾಲನ್ನು ಮಾತ್ರ ಈಗಲೇ ಕೇಳಿಬಿಡುತ್ತೇನೆ. ಸಹಿ ಹಾಕದಿದ್ದರೂ ಚಿಕಿತ್ಸೆ ಸಿಗುತ್ತದೆ ಎಂಬ ಮಾತು ನಿನ್ನಲ್ಲಿ ಎಷ್ಟನೆಯ ಪುಟದಲ್ಲಿದೆ? ಅದನ್ನು ಮೊದಲನೆಯ ಪುಟಕ್ಕೆ ತರಲು ಆಗುತ್ತದೆಯೇ?

ಈ ಭಾನುವಾರ ನಾನೇ ಫೋನ್ ಮಾಡುತ್ತೇನೆ.

ನಿನ್ನ
ಅಮ್ಮ