ಬಾಟಲಿಯ ಬೆಲೆಯಲ್ಲಿ ಯಾರ ಪಾಲು ಎಷ್ಟು?

ಮಾನ್ಯ ಸಂಪಾದಕರೇ,

ಕಳೆದ ತೊಗರಿ ರಾಶಿಯ ಸಮಯದಲ್ಲಿ ಆಳಂದ ತಾಲ್ಲೂಕಿನ ನಮ್ಮೂರಿಗೆ ಹೋಗಿದ್ದಾಗ, ಹೊಲದ ಕೂಲಿಗೆ ಬಂದಿದ್ದ ಹಿರಿಯರೊಬ್ಬರು ಸಂಜೆ ನನ್ನನ್ನು ಹುಡುಕಿಕೊಂಡು ಬಂದು, ಅಂಗಿಯ ಜೇಬಿನಿಂದ 90 ಎಂ.ಎಲ್.ನ ಮದ್ಯದ ಖಾಲಿ ಪೊಟ್ಟಣವೊಂದನ್ನು ತೆಗೆದು, ‘ಸರ, ಇದರ ಮ್ಯಾಲ ರೇಟ್ ಎಷ್ಟ್ ಬರದಾರ ನೋಡ್ರಿ’ ಎಂದು ಕೇಳಿದರು. ಪೊಟ್ಟಣದ ಮಡಿಕೆಯ ಹತ್ತಿರ, ಬ್ಯಾಚ್ ಸಂಖ್ಯೆಯ ಪಕ್ಕದಲ್ಲಿ, ಅರ್ಧ ಅಳಿಸಿಹೋದ ಚುಕ್ಕೆ ಚುಕ್ಕೆಯ ಅಕ್ಷರಗಳಲ್ಲಿ ಅಚ್ಚಾಗಿದ್ದ ಬೆಲೆಯನ್ನು ಓದಲು ನಾನು ಕನ್ನಡಕ ಹಾಕಿಕೊಂಡು ಅದನ್ನು ಬೆಳಕಿಗೆ ಹಿಡಿಯಬೇಕಾಯಿತು. ಅವರು ಕೊಟ್ಟದ್ದು ಅದಕ್ಕಿಂತ 15 ರೂಪಾಯಿ ಹೆಚ್ಚು. ಕೊಂಡದ್ದು ಪರವಾನಗಿ ಇರುವ ಅಂಗಡಿಯಲ್ಲಲ್ಲ, ಊರೊಳಗಿನ ಒಂದು ಸಣ್ಣ ಅಂಗಡಿಯಲ್ಲಿ. ಹೆಚ್ಚಿಗೆ ಏಕೆ ಎಂದು ಕೇಳಿದ್ದಕ್ಕೆ ಅಂಗಡಿಯವನು ‘ಸರಕಾರ ಟ್ಯಾಕ್ಸ್ ಏರಿಸ್ಯಾದ, ನಾ ಏನ್ ಮಾಡ್ಲಿ’ ಎಂದನಂತೆ.

ಈ ಪತ್ರ ಬರೆಯಲು ಆ ಒಂದು ಉತ್ತರವೇ ಕಾರಣ. ನಾನು ಮದ್ಯ ಸೇವಿಸುವವನಲ್ಲ, ಮದ್ಯ ಅಗ್ಗವಾಗಲಿ ಎಂದು ಕೇಳುವವನೂ ಅಲ್ಲ. ವಾಣಿಜ್ಯಶಾಸ್ತ್ರದ ಶಿಕ್ಷಕನಾಗಿ ಮಕ್ಕಳಿಗೆ ಕೊಂಡ ಬೆಲೆ, ಮಾರಿದ ಬೆಲೆ, ಲಾಭದ ಲೆಕ್ಕ ಕಲಿಸಿದವನಾಗಿ ನನಗೆ ಅನ್ನಿಸುವುದು ಇಷ್ಟೇ: ಯಾವ ವಸ್ತುವಿನ ಬೆಲೆಯಲ್ಲಿ ತೆರಿಗೆಯೇ ದೊಡ್ಡ ಪಾಲೋ ಆ ವಸ್ತುವಿನ ಬೆಲೆಯ ವಿವರವನ್ನು ಕೊಳ್ಳುವವನಿಗೆ ತಿಳಿಸದಿದ್ದರೆ, ‘ಟ್ಯಾಕ್ಸ್’ ಎಂಬ ಮಾತನ್ನು ಯಾರು ಬೇಕಾದರೂ ತಮ್ಮ ಲಾಭಕ್ಕೆ ಬಳಸಿಕೊಳ್ಳಬಹುದು.

ಮೊದಲು ಜಿಎಸ್‌ಟಿಯ ವಿಷಯ. 2025ರ ಸೆಪ್ಟೆಂಬರ್ 22ರಿಂದ ಜಿಎಸ್‌ಟಿ ದರಗಳು ಇಳಿದಾಗ, ಸೋಪು, ಬಿಸ್ಕತ್ತುಗಳ ಬೆಲೆ ಇಳಿದಂತೆ ಮದ್ಯದ ಬೆಲೆ ಏಕೆ ಇಳಿಯಲಿಲ್ಲ ಎಂದು ಹಲವರು ಕೇಳಿದ್ದನ್ನು ನಾನೇ ಕೇಳಿದ್ದೇನೆ. ಕುಡಿಯುವ ಮದ್ಯ ಜಿಎಸ್‌ಟಿಯ ವ್ಯಾಪ್ತಿಯಲ್ಲೇ ಇಲ್ಲ. 2017ರಲ್ಲಿ ಜಿಎಸ್‌ಟಿ ಜಾರಿಗೆ ಬಂದಾಗ ಸಂವಿಧಾನದಲ್ಲೇ ಅದನ್ನು ಹೊರಗಿಟ್ಟು, ಸುಂಕ ವಿಧಿಸುವ ಅಧಿಕಾರವನ್ನು ರಾಜ್ಯಗಳಿಗೇ ಉಳಿಸಲಾಯಿತು. ಆದರೆ ಮದ್ಯ ತುಂಬುವ ಗಾಜಿನ ಬಾಟಲಿಗೆ ತಯಾರಕರು ಶೇ 18ರ ಜಿಎಸ್‌ಟಿ ಕಟ್ಟುತ್ತಾರೆ. ಬೇರೆ ವಸ್ತುಗಳನ್ನು ತಯಾರಿಸುವವರು ಹೀಗೆ ಕಟ್ಟಿದ ತೆರಿಗೆಯನ್ನು ಮುಂದೆ ತಾವು ಕಟ್ಟಬೇಕಾದ ತೆರಿಗೆಯಲ್ಲಿ ಮುರಿದುಕೊಳ್ಳಬಹುದು. ಮದ್ಯ ತಯಾರಕರಿಗೆ ಆ ದಾರಿ ಇಲ್ಲದಿರುವುದರಿಂದ ಅದು ಅವರ ಖರ್ಚಾಗಿಯೇ ಉಳಿದು ಬೆಲೆಯೊಳಗೆ ಸೇರುತ್ತದೆ. ಹಾಗಾಗಿ ‘ಮದ್ಯಕ್ಕೆ ಜಿಎಸ್‌ಟಿ ಇಲ್ಲ’ ಎಂಬ ಮಾತು ನಿಜವಾದರೂ ಪೂರ್ತಿ ನಿಜವಲ್ಲ.

ನಮ್ಮ ರಾಜ್ಯದಲ್ಲಿ 2003ರಿಂದ ಮದ್ಯದ ಸಗಟು ವ್ಯಾಪಾರ ಸರ್ಕಾರದ್ದೇ ಆದ ಕರ್ನಾಟಕ ರಾಜ್ಯ ಪಾನೀಯ ನಿಗಮದ ಕೈಯಲ್ಲಿದೆ. ತಯಾರಕರು ತಮ್ಮ ಸರಕಿಗೆ ಇಂತಿಷ್ಟು ಎಂದು ಒಂದು ಬೆಲೆಯನ್ನು ಘೋಷಿಸುತ್ತಾರೆ. ಮದ್ಯಸಾರ, ಬಾಟಲಿ, ಮುಚ್ಚಳ, ಪೆಟ್ಟಿಗೆ, ತಯಾರಕರ ಲಾಭ ಎಲ್ಲವೂ ಅದರೊಳಗೆ ಬರುತ್ತವೆ. ಅದರ ಮೇಲೆ ಅಬಕಾರಿ ಸುಂಕ, ಹೆಚ್ಚುವರಿ ಅಬಕಾರಿ ಸುಂಕ, ನಿಗಮದ ಪಾಲು, ಕೊನೆಗೆ ಚಿಲ್ಲರೆ ಅಂಗಡಿಯವರ ಲಾಭಾಂಶ ಸೇರಿ, ಎಲ್ಲ ತೆರಿಗೆಗಳೂ ಒಳಗೊಂಡ ಗರಿಷ್ಠ ಮಾರಾಟ ಬೆಲೆ ಎಂಬ ಒಂದೇ ಅಂಕಿಯಾಗಿ ಬಾಟಲಿಯ ಮೇಲೆ ಅಚ್ಚಾಗುತ್ತದೆ. ಕೊಳ್ಳುವವನ ಕಣ್ಣಿಗೆ ಬೀಳುವುದು ಆ ಅಂಕಿ ಮಾತ್ರ.

ಇದರಲ್ಲಿ ಹೆಚ್ಚು ತೂಕದ್ದು ಹೆಚ್ಚುವರಿ ಅಬಕಾರಿ ಸುಂಕ. 2025ರ ಜನವರಿಯಲ್ಲಿ ಬಿಯರ್ ಮೇಲಿನ ಈ ಸುಂಕವನ್ನು ಶೇ 185ರಿಂದ ಶೇ 195ಕ್ಕೆ ಏರಿಸಿದ ಸುದ್ದಿ ಬಂದಾಗ, ಚಹಾದಂಗಡಿಯಲ್ಲಿ ಪತ್ರಿಕೆ ಓದುತ್ತಿದ್ದವರೊಬ್ಬರು ‘ನೂರು ರೂಪಾಯಿ ಬಾಟಲಿಗೆ ನೂರಾ ತೊಂಬತ್ತೈದು ಟ್ಯಾಕ್ಸ್ ಅಂದ್ರ ಹ್ಯಾಂಗ್ರಿ ಸರ?’ ಎಂದು ಕೇಳಿದರು. ಪ್ರಶ್ನೆ ಸರಿಯಾದದ್ದೇ. ಶೇಕಡಾ ಲೆಕ್ಕ ಹಾಕಿದ್ದು ನಾವು ಕೊಡುವ ಬೆಲೆಯ ಮೇಲಲ್ಲ, ತಯಾರಕರು ಘೋಷಿಸಿದ ಬೆಲೆಯ ಮೇಲೆ ಎಂಬುದನ್ನು ಯಾರೂ ಬಿಡಿಸಿ ಹೇಳಲಿಲ್ಲ. ಅದೇ ಆದೇಶದಲ್ಲಿ ಇನ್ನೊಂದು ಅಂಶವೂ ಇತ್ತು. ಶೇ 195 ಅಥವಾ ಪ್ರತಿ ಲೀಟರಿಗೆ 130 ರೂಪಾಯಿ, ಎರಡರಲ್ಲಿ ಯಾವುದು ಹೆಚ್ಚೋ ಅದನ್ನು ಕಟ್ಟಬೇಕಿತ್ತು. ತಲೆಬರಹಗಳಲ್ಲಿ ಶೇಕಡಾ ಬಂತು, ಈ ಲೀಟರಿನ ಲೆಕ್ಕ ಹಿಂದೆ ಸರಿಯಿತು. ನನ್ನ ಮಟ್ಟಿಗೆ ಮುಖ್ಯವಾದದ್ದು ಲೀಟರಿನ ಲೆಕ್ಕವೇ.

ಆಗಿನ ಆ ದರದಲ್ಲಿ, ಉದಾಹರಣೆಗೆಂದು, 650 ಎಂ.ಎಲ್.ನ ಸ್ಟ್ರಾಂಗ್ ಬಿಯರ್ ಬಾಟಲಿಯ ಘೋಷಿತ ಬೆಲೆ 30 ರೂಪಾಯಿ ಎಂದಿಟ್ಟುಕೊಳ್ಳೋಣ. ಶೇ 195ರಂತೆ ಹೆಚ್ಚುವರಿ ಸುಂಕ 58 ರೂಪಾಯಿ 50 ಪೈಸೆ ಆಗುತ್ತದೆ. ಲೀಟರಿಗೆ 130ರಂತೆ ಲೆಕ್ಕ ಹಾಕಿದರೆ 84 ರೂಪಾಯಿ 50 ಪೈಸೆ. ಇದು ಹೆಚ್ಚಾದ್ದರಿಂದ ಇದನ್ನೇ ಕಟ್ಟಬೇಕಿತ್ತು. ಲೀಟರಿಗೆ 20 ರೂಪಾಯಿಯ ಮೂಲ ಅಬಕಾರಿ ಸುಂಕದ ಬಾಬ್ತು ಇನ್ನೂ 13 ರೂಪಾಯಿ ಸೇರಿದರೆ, 30 ರೂಪಾಯಿಯ ಸರಕಿಗೆ 97 ರೂಪಾಯಿ 50 ಪೈಸೆ ತೆರಿಗೆ. ಅಂದರೆ ಶೇ 325. ಇನ್ನು 60 ರೂಪಾಯಿ ಘೋಷಿತ ಬೆಲೆಯ ದುಬಾರಿ ಬಿಯರನ್ನು ನೋಡೋಣ. ಅದಕ್ಕೆ ಶೇಕಡಾ ಲೆಕ್ಕದ 117 ರೂಪಾಯಿಯೇ ಹೆಚ್ಚು, ಮೂಲ ಸುಂಕದ 13 ಸೇರಿ 130. ಸರಕಿನ ಬೆಲೆಗೆ ಹೋಲಿಸಿದರೆ ಸುಮಾರು ಶೇ 217. ಅಗ್ಗದ ಬಾಟಲಿ ಕೊಳ್ಳುವವನು ಸರಕಿನ ಪ್ರತಿ ರೂಪಾಯಿಗೆ ಮೂರೂಕಾಲು ರೂಪಾಯಿ ತೆರಿಗೆ ಕೊಟ್ಟರೆ, ದುಬಾರಿ ಬಾಟಲಿ ಕೊಳ್ಳುವವನು ಎರಡು ರೂಪಾಯಿಗಿಂತ ಸ್ವಲ್ಪ ಹೆಚ್ಚು ಕೊಡುತ್ತಿದ್ದ. ಆ ಜನವರಿಯಲ್ಲಿ ಅಗ್ಗದ ಬಿಯರುಗಳ ಬೆಲೆಯೇ ಒಮ್ಮೆಗೆ ಜಿಗಿದದ್ದಕ್ಕೆ ಕಾರಣ ಇಲ್ಲಿದೆ.

ಮೇಲೆ ಸೇರುವ ಲಾಭಾಂಶದ ಲೆಕ್ಕದಲ್ಲೂ ಒಂದು ಸೂಕ್ಷ್ಮವಿದೆ. ಲಾಭಾಂಶವನ್ನು ಶೇಕಡಾವಾರು ಲೆಕ್ಕದಲ್ಲಿ, ಸುಂಕ ಸೇರಿದ ಮೊತ್ತದ ಮೇಲೆ ಹಾಕಿದಾಗ, ತೆರಿಗೆಯ ಮೇಲೂ ಲಾಭ ಕೂಡುತ್ತದೆ. ಶೇ 10 ಎಂದು ಭಾವಿಸಿದರೆ, ಸುಂಕ 10 ರೂಪಾಯಿ ಏರಿದಾಗ ಕೊಳ್ಳುವವನಿಗೆ ಬೆಲೆ 11 ರೂಪಾಯಿ ಏರುತ್ತದೆ. ಮೇಲಿನ ಅಗ್ಗದ ಬಾಟಲಿಯ 127 ರೂಪಾಯಿ 50 ಪೈಸೆ ಈ ಲೆಕ್ಕದಲ್ಲಿ 140 ದಾಟುತ್ತದೆ, ಅದರಲ್ಲಿ ಪ್ರತಿ ನೂರಕ್ಕೆ ಸುಮಾರು 70 ರೂಪಾಯಿ ಸುಂಕವೇ. ಬೆಲೆಯಿಂದ ಲಾಭಾಂಶ ಬಿಡಿಸುವಾಗ ಓದಿದವರೂ ತಪ್ಪುವುದುಂಟು. 165 ರೂಪಾಯಿಯಲ್ಲಿ ಶೇ 10ರ ಲಾಭಾಂಶ ಸೇರಿದ್ದರೆ ಮೂಲ ಬೆಲೆ 148 ರೂಪಾಯಿ 50 ಪೈಸೆ ಅಲ್ಲ, 150 ರೂಪಾಯಿ. ಅಂಗಡಿಯವರು ಈ ಲಾಭಾಂಶದಲ್ಲೇ ಬಾಡಿಗೆ, ಆಳಿನ ಸಂಬಳ, ಪರವಾನಗಿ ಶುಲ್ಕ ಎಲ್ಲವನ್ನೂ ನಿಭಾಯಿಸಬೇಕು. ಲಾಭಾಂಶ ಸಾಲದೆಂಬ ಅವರ ಅಹವಾಲು ಬಹುಕಾಲದ್ದು, ಅದರಲ್ಲಿ ಹುರುಳಿಲ್ಲವೆಂದು ನಾನು ಹೇಳಲಾರೆ. ಆದರೆ ಆ ಕೊರತೆಯನ್ನು ಅಚ್ಚಾದ ಬೆಲೆಗಿಂತ ಹೆಚ್ಚಿಗೆ ಪಡೆದು ಗಿರಾಕಿಯಿಂದ ತುಂಬಿಕೊಳ್ಳುವ ಹಕ್ಕು ಯಾರಿಗೂ ಇಲ್ಲ.

ವಿಸ್ಕಿ, ಬ್ರಾಂದಿ, ರಮ್ಮಿನ ಹೆಚ್ಚುವರಿ ಸುಂಕ 2025ರಲ್ಲೂ ಘೋಷಿತ ಬೆಲೆಯ ಸ್ಲ್ಯಾಬ್‌ಗಳ, ಎಂದರೆ ಹಂತಗಳ, ಮೇಲೆ ನಿಂತಿತ್ತು. 2023ರ ಜುಲೈ ಬಜೆಟ್ಟಿನಲ್ಲಿ ಆಗಿದ್ದ 18 ಸ್ಲ್ಯಾಬ್‌ಗಳಲ್ಲೂ ಸುಂಕವನ್ನು ಶೇ 20ರಷ್ಟು ಏರಿಸಲಾಯಿತು. 2024ರ ಆಗಸ್ಟ್‌ನಲ್ಲಿ ನೆರೆ ರಾಜ್ಯಗಳ ದರಕ್ಕೆ ಹೊಂದಿಸುವ ಕಾರಣ ನೀಡಿ ಸ್ಲ್ಯಾಬ್‌ಗಳನ್ನು 16ಕ್ಕೆ ಇಳಿಸಿದಾಗ ದುಬಾರಿ ಬ್ರಾಂಡುಗಳ ಬೆಲೆ ಇಳಿಯಿತು. 2025ರ ಮೇ ತಿಂಗಳಲ್ಲಿ ಮತ್ತೆ ಏರಿದ್ದು ಕೆಳಗಿನ ಸ್ಲ್ಯಾಬ್‌ಗಳ, ಎಂದರೆ ಕೂಲಿಕಾರರು ಕೊಳ್ಳುವ ಮದ್ಯದ ಸುಂಕ. 2025-26ರ ಬಜೆಟ್ಟಿನಲ್ಲಿ ಅಬಕಾರಿ ಆದಾಯದ ಗುರಿ 40,000 ಕೋಟಿ ರೂಪಾಯಿ ಆಗಿತ್ತು. ಇಷ್ಟು ದೊಡ್ಡ ಮೊತ್ತದಲ್ಲಿ ತೊಗರಿ ಹೊಲದ ಕೂಲಿಯ ಪಾಲೂ ಇದೆ ಎಂದ ಮೇಲೆ, ಆ ಪಾಲು ಎಷ್ಟೆಂದು ತಿಳಿಯುವ ಹಕ್ಕೂ ಆ ಕೂಲಿಕಾರನಿಗೆ ಇರಬೇಕು.

ನಾವು ಗಡಿಯ ಜನ. ಉಮರ್ಗಾ, ಅಕ್ಕಲಕೋಟೆ ನಮಗೆ ದೂರವಲ್ಲ. ಬೀದರಿನವರಿಗೆ ಜಹೀರಾಬಾದ್, ಗುರುಮಠಕಲ್ಲಿನವರಿಗೆ ನಾರಾಯಣಪೇಟೆ ಹತ್ತಿರ. ಅದೇ ಬ್ರಾಂಡಿಗೆ ಅಲ್ಲೊಂದು ಬೆಲೆ, ಇಲ್ಲೊಂದು ಬೆಲೆ ಇರುವುದು ಅಂಗಡಿಯವರ ಮೋಸದಿಂದಲ್ಲ. ಪ್ರತಿ ರಾಜ್ಯದ ಸುಂಕ ಬೇರೆ. 2025ರ ಫೆಬ್ರುವರಿಯಲ್ಲಿ ತೆಲಂಗಾಣ ಬಿಯರ್ ಬೆಲೆಯನ್ನು ಶೇ 15ರಷ್ಟು ಏರಿಸಿತು, ಜೂನ್‌ನಲ್ಲಿ ಮಹಾರಾಷ್ಟ್ರ ಮದ್ಯದ ಸುಂಕವನ್ನು ಏರಿಸಿತು.

ಇನ್ನು ಅಚ್ಚಾದ ಬೆಲೆಗಿಂತ ಹೆಚ್ಚಿನ ವಸೂಲಿಯ ವಿಷಯಕ್ಕೆ ಬರುತ್ತೇನೆ. ಕೆಲವು ವರ್ಷಗಳ ಹಿಂದೆ 90 ಎಂ.ಎಲ್. ಪೊಟ್ಟಣದ ಮೇಲೆ 35 ರೂಪಾಯಿ 13 ಪೈಸೆ ಎಂದು ಅಚ್ಚಾಗಿರುತ್ತಿತ್ತು. 25 ಪೈಸೆ ಮತ್ತು ಅದಕ್ಕಿಂತ ಕಡಿಮೆಯ ನಾಣ್ಯಗಳು 2011ರಲ್ಲೇ ಚಲಾವಣೆಯಿಂದ ಹೋಗಿರುವಾಗ ಆ 13 ಪೈಸೆಯನ್ನು ಕೊಡುವವರಾರು, ತೆಗೆದುಕೊಳ್ಳುವವರಾರು? ಚಿಲ್ಲರೆ ಇಲ್ಲವೆಂಬ ನೆಪದಲ್ಲಿ 40 ರೂಪಾಯಿ ಪಡೆಯುವುದು ರೂಢಿಯಾಯಿತು. ಪರವಾನಗಿ ಇಲ್ಲದ ಹಳ್ಳಿಯ ಅಂಗಡಿಗಳಲ್ಲಿ ಇನ್ನೂ 10, 15 ರೂಪಾಯಿ ಕೂಡುತ್ತದೆ. ದಿನಕ್ಕೆ ಎರಡು ಪೊಟ್ಟಣಕ್ಕೆ 15ರಂತೆ ಹೆಚ್ಚಿಗೆ ಕೊಟ್ಟರೆ ತಿಂಗಳಿಗೆ 900 ರೂಪಾಯಿ. ಇದರಲ್ಲಿ ಒಂದು ಪೈಸೆಯೂ ಖಜಾನೆಗೆ ಹೋಗುವುದಿಲ್ಲ. ಆ ಮನೆಯ ಹೆಂಗಸರ, ಮಕ್ಕಳ ಖರ್ಚಿನಿಂದ ಕಡಿತವಾಗುತ್ತದೆ, ಅಷ್ಟೇ. ಪೊಟ್ಟಣದ ಮೇಲೆ ಅಚ್ಚಾದ ಬೆಲೆಗಿಂತ ಹೆಚ್ಚು ಪಡೆಯುವುದು ತೂಕ, ಅಳತೆ, ಅಚ್ಚಾದ ಬೆಲೆಗೆ ಸಂಬಂಧಿಸಿದ ಕಾನೂನು ಮಾಪನ ನಿಯಮಗಳ ಪ್ರಕಾರ ತಪ್ಪು. ಕುಳಿತು ಊಟ ಮಾಡುವ ಬಾರ್ ಮತ್ತು ರೆಸ್ಟೋರೆಂಟಿನ ಲೆಕ್ಕ ಬೇರೆ. ಹೋಟೆಲ್, ರೆಸ್ಟೋರೆಂಟ್‌ಗಳಲ್ಲಿ ಸೇವೆಯೂ ಸೇರಿರುವುದರಿಂದ ನೀರಿನ ಬಾಟಲಿಗೆ ಅಚ್ಚಾದ ಬೆಲೆಗಿಂತ ಹೆಚ್ಚು ಪಡೆಯಬಹುದೆಂದು ಸುಪ್ರೀಂ ಕೋರ್ಟ್ 2017ರ ಡಿಸೆಂಬರ್‌ನಲ್ಲಿ ಹೇಳಿದೆ. ಆದರೆ ಅಲ್ಲಿಯ ಬಿಲ್ಲಿನಲ್ಲೂ ಜಿಎಸ್‌ಟಿ ಊಟದ ಮೊತ್ತಕ್ಕೆ ಮಾತ್ರ ಸೇರಬೇಕು, ಮದ್ಯದ ಮೊತ್ತಕ್ಕಲ್ಲ. ಇದನ್ನು ಗಿರಾಕಿಗಳು ಬಿಲ್ ಕೈಗೆ ಬಂದಾಗಲೇ ನೋಡಿಕೊಳ್ಳುವುದು ಒಳ್ಳೆಯದು.

ನನಗೆ ಪೊಟ್ಟಣ ತೋರಿಸಿದ ಅದೇ ಹಿರಿಯರು ತಮ್ಮ ಎರಡೆಕರೆಯ ತೊಗರಿಯನ್ನು ಕಲಬುರಗಿ ಎಪಿಎಂಸಿಗೆ ಒಯ್ದಾಗ ಅವರ ಕೈಗೆ ಒಂದು ಪಟ್ಟಿ ಬರುತ್ತದೆ. ಚೀಲ ಎಷ್ಟು, ತೂಕ ಎಷ್ಟು, ಕ್ವಿಂಟಾಲಿಗೆ ದರ ಎಷ್ಟು, ಹಮಾಲಿ ಎಷ್ಟು, ಕೈಗೆ ಬರುವುದು ಎಷ್ಟು ಎಂದು ಸಾಲು ಸಾಲಾಗಿ ಬರೆದಿರುತ್ತದೆ. ಅಕ್ಷರ ಬಾರದವರೂ ಅದನ್ನು ಮಡಚಿ ಟೋಪಿಯೊಳಗೆ ಇಟ್ಟುಕೊಂಡು ಬಂದು ಊರಿನ ಹುಡುಗರಿಂದ ಓದಿಸುತ್ತಾರೆ. ಆ ದುಡ್ಡಿನಲ್ಲೇ ಕೊಂಡ ಪೊಟ್ಟಣಕ್ಕೆ ಮಾತ್ರ ಪಟ್ಟಿಯೂ ಇಲ್ಲ, ಬಿಲ್ಲೂ ಇಲ್ಲ.

ಆದ್ದರಿಂದ ಅಬಕಾರಿ ಇಲಾಖೆಯಲ್ಲಿ ನನ್ನ ಮನವಿ ಇದು. ಪರವಾನಗಿ ಪಡೆದ ಪ್ರತಿ ಅಂಗಡಿಯೂ ಕೇಳದೆಯೇ ಮುದ್ರಿತ ಬಿಲ್ ಕೊಡಬೇಕು. ಹೆಚ್ಚು ಮಾರಾಟವಾಗುವ ಬ್ರಾಂಡುಗಳ ಘೋಷಿತ ಬೆಲೆ, ಸುಂಕ, ಲಾಭಾಂಶ ಮತ್ತು ಗರಿಷ್ಠ ಬೆಲೆಯನ್ನು ಕನ್ನಡದಲ್ಲಿ, ರಸ್ತೆಯಲ್ಲಿ ನಿಂತವರಿಗೂ ಕಾಣುವಷ್ಟು ದೊಡ್ಡ ಅಕ್ಷರಗಳಲ್ಲಿ ಬರೆದ ಫಲಕವನ್ನು ಅಂಗಡಿಯ ಮುಂದೆ ಹಾಕಬೇಕು. ಪೊಟ್ಟಣದ ಮೇಲಿನ ಬೆಲೆಯನ್ನು ಮಡಿಕೆಯಲ್ಲಿ ಮುಚ್ಚಿಹೋಗದ ಜಾಗದಲ್ಲಿ ಅಚ್ಚು ಹಾಕಿಸಬೇಕು. ಪರವಾನಗಿ ಇಲ್ಲದ ಹಳ್ಳಿಯ ಮಾರಾಟದ ಬಗ್ಗೆ ಹೊಸದಾಗಿ ಹೇಳಬೇಕಾದ್ದಿಲ್ಲ. ಅದನ್ನು ನಿಲ್ಲಿಸಿರೆಂದು ನಮ್ಮ ಭಾಗದ ತಾಯಂದಿರು ಎಷ್ಟೋ ವರ್ಷಗಳಿಂದ ಕೇಳುತ್ತಲೇ ಇದ್ದಾರೆ.

ತಮ್ಮ ಪತ್ರಿಕೆಯಲ್ಲೂ ಒಂದು ಕೋರಿಕೆ. ಇನ್ನು ಮುಂದೆ ಸುಂಕ ಬದಲಾದಾಗ ‘ಮದ್ಯ ತುಟ್ಟಿ’ ಎಂಬ ತಲೆಬರಹದ ಕೆಳಗೆ, 90 ಎಂ.ಎಲ್. ಪೊಟ್ಟಣ, 180 ಎಂ.ಎಲ್. ಬಾಟಲಿ ಮತ್ತು ಬಿಯರ್ ಬಾಟಲಿಯ ಹಳೆಯ ಬೆಲೆ, ಹೊಸ ಬೆಲೆ, ಅದರಲ್ಲಿ ಸುಂಕದ ಪಾಲು ಇವಿಷ್ಟನ್ನು ಒಂದು ಸಣ್ಣ ಚೌಕದಲ್ಲಿ ಪ್ರಕಟಿಸಿದರೆ, ಅದನ್ನು ಕತ್ತರಿಸಿ ನಮ್ಮೂರಿನ ಪಂಚಾಯಿತಿ ಕಟ್ಟೆಯ ಗೋಡೆಗೆ ಅಂಟಿಸುವ ಕೆಲಸ ನನ್ನದು.

ಇಂತಿ ತಮ್ಮ ವಿಶ್ವಾಸಿ,
ನಿವೃತ್ತ ವಾಣಿಜ್ಯಶಾಸ್ತ್ರ ಶಿಕ್ಷಕ
ಕಲಬುರಗಿ